ಚಿತ್

ಸುಣ್ಣದಕೇರಿಯ ಗರಡಿಯಲ್ಲಿ
ಮೊದಲು ಹೇಳಿಕೊಟ್ಟದ್ದು ಇಷ್ಟೆ:
ಬೆನ್ನು ಮಣ್ಣು ಕಾಣಬಾರದು.
ಮೊಣಕಾಲು ಕಾಣಲಿ, ಮೂಗು ಕಾಣಲಿ,
ಎರಡು ಭುಜ ಒಟ್ಟಿಗೆ ತಾಗಿದವೋ, ಚಿತ್.
ಎದ್ದು ಮೈ ಕೊಡವಿಕೊಂಡು
ನಿಂಬುಜಾದೇವಿಗೆ ಮುಖ ತೋರಿಸದೆ ಮನೆಗೆ.

ಹನ್ನೊಂದು ವರ್ಷ ಮಟ್ಟಿಯ ಕೆಮ್ಮಣ್ಣಿಗೆ
ಅರಿಸಿನ, ಬೆಣ್ಣೆ, ಕರ್ಪೂರ ಕಲಸಿದ ಕೈ ಇದು.
ಬೆಳ್ಳಿಗದೆಯ ಆಸೆ ಇತ್ತು.
ಗದೆಗಿಂತ ಮೊದಲು ತಂಗಿಯ ಫೀಸು ಬಂತು.

ಆಮೇಲೆ ಬೆಂಗಳೂರಿನಿಂದ ಒಬ್ಬ ಮಾಸ್ಟರ್ ಬಂದ.
ನನ್ನ ಹಿಂದೆ ನಿಂತು, ಕಪ್ಪು ಕನ್ನಡಕ ಎತ್ತಿ,
'ಹೀರೋ ಅಳತೆ ಸರಿಯಾಗಿದೆ' ಅಂದ,
ದರ್ಜಿ ಹೇಳುವಂತೆ.
'ಬೀಳ್ತೀಯಾ?'
ಹೇಗೆ ಬೀಳಬೇಕು ಅಂತ ಕೇಳಿದೆ.
'ಬೆನ್ನ ಮೇಲೆ.'

ನಕ್ಕುಬಿಟ್ಟೆ.

ಮೊದಲು ಬಿದ್ದದ್ದು ದೇವರಾಜ ಮಾರ್ಕೆಟ್ಟಿನ ಹಿಂದೆ,
ಟೊಮ್ಯಾಟೊ ಗಾಡಿಯ ಮೇಲೆ. ಆರು ಟೇಕು.
ನಾಲ್ಕನೆಯದಕ್ಕೆ ಗಾಡಿಯ ನಾಗಸುಂದ್ರಮ್ಮ ಓಡಿಬಂದು
'ಏಳಪ್ಪ, ಹಣ್ಣು ಹೋದರೆ ಹೋಗಲಿ' ಅಂದಳು.
ಕಟ್ ಕಟ್ ಅಂತ ಅವಳಿಗೆ ಬೈದರು.
ನಾನು ಬಿದ್ದದ್ದು ನಿಜವೆಂದು ಆ ದಿನ ನಂಬಿದವಳು
ಅವಳೊಬ್ಬಳೇ.
ನಟನೆಗೆ ಸಿಕ್ಕ ಮೊದಲ ಬಹುಮಾನ
ಎರಡು ಕೇಜಿ ಒಡೆದ ಹಣ್ಣು.
ಮನೆಯಲ್ಲಿ ವಾರ ಪೂರ್ತಿ ಗೊಜ್ಜು.

ಕಲಿತೆ. ಬೀಳುವ ಮುಂಚೆ ಉಸಿರು ಬಿಡಬೇಕು,
ಗದ್ದ ಎದೆಗೆ ಒತ್ತಿಕೊಳ್ಳಬೇಕು,
ಅಂಗೈ ಮೊದಲು ನೆಲಕ್ಕೆ ಬಡಿಯಬೇಕು,
ಸದ್ದು ಅದು ಕೊಡುತ್ತೆ, ಪೆಟ್ಟು ಅದು ತಿನ್ನುತ್ತೆ.
ಕೆಳಗೆ ಜೋಡಿಸುವ ರಟ್ಟಿನ ಡಬ್ಬ
ಒಳಗೆ ಖಾಲಿ ಇರಬೇಕು, ಬಾಯಿ ಮುಚ್ಚಿರಬೇಕು,
ನಮ್ಮ ಹಾಗೆ.
ಒಡೆಯುವ ಗಾಜು ಸಕ್ಕರೆಯದು.
ಜೊತೆಗಾರ ಸಿದ್ಲಿಂಗು ಮಂಡ್ಯದವನು,
ತುಟಿಗಂಟಿದ ಚೂರು ನೆಕ್ಕಿ 'ನಮ್ಮೂರ ಕಬ್ಬು ಕಣೋ' ಅನ್ನುತ್ತಿದ್ದ.
ಒಂದು ದಿನ ನೆಕ್ಕಿದ್ದು ಉಪ್ಪಾಗಿತ್ತು.
ಕಿಟಕಿಯಲ್ಲಿ ನಿಜವಾದ ಗಾಜು ಒಂದು ಉಳಿದಿತ್ತು.
ಈಗ ಮದ್ದೂರಿನಲ್ಲಿ ಟೀ ಅಂಗಡಿ ಇಟ್ಟಿದ್ದಾನೆ,
ಒಂದೇ ಕಣ್ಣಲ್ಲಿ ಹಾಲು ಕಾಯುತ್ತಾನೆ,
ಉಕ್ಕಿಸಿದ್ದನ್ನು ನಾನು ನೋಡಿಲ್ಲ.

ಹೀರೋ ಆಗಿ ಬಿದ್ದೆ, ಹೀರೋ ತಮ್ಮನಾಗಿ ಬಿದ್ದೆ,
ಸೀರೆ ಉಟ್ಟು ಸವರಿ ಕಟ್ಟಿ ನಾಯಕಿಯಾಗಿ
ಶ್ರೀರಂಗಪಟ್ಟಣದಲ್ಲಿ ಸೇತುವೆಯಿಂದ ಹೊಳೆಗೆ.
ಮೀಸೆ ಬೋಳಿಸಿದ್ದಕ್ಕೆ ಐನೂರು ಜಾಸ್ತಿ.
ಪರದೆಯ ಮೇಲೆ ನನ್ನ ಒಂದು ಬೆನ್ನಿಗೆ
ಹದಿನೇಳು ಜನರ ಮುಖ.

ನನ್ನ ಮುಖಕ್ಕೂ ಒಂದು ಸಲ ಬೆಳಕು ಬಿತ್ತು. ಮಾತೂ ಇತ್ತು:
'ಅಣ್ಣಾ, ಅವ್ರು ಬಂದ್ರು.'
ಲಾಡ್ಜಿನ ಕನ್ನಡಿ ಮುಂದೆ ರಾತ್ರಿಯೆಲ್ಲ ಹೇಳಿದೆ,
ಭಯದಲ್ಲಿ ಹೇಳಿದೆ, ಭಕ್ತಿಯಲ್ಲಿ ಹೇಳಿದೆ,
ಮನೆಗೆ ಬೀಗರು ಬಂದ ಹಾಗೂ ಹೇಳಿದೆ.
ಬೆಳಿಗ್ಗೆ ಹೇಳಿ ಮುಗಿಸಿ, ಗುಂಡು ತಿಂದು ಸತ್ತೆ.
ಸಾವನ್ನು ಉಳಿಸಿಕೊಂಡರು. ದನಿ ಬೇರೆಯವನದು.
ನನ್ನ ಮಾತಲ್ಲಿ ಮೈಸೂರು ಜಾಸ್ತಿಯಂತೆ.

ಅಷ್ಟು ಹೊತ್ತಿಗೆ ಉಸ್ತಾದ್ ಚೆಲುವಯ್ಯ
ಮಾತು ಬಿಟ್ಟು ಒಂಬತ್ತು ವರ್ಷ.
ದುಡ್ಡಿಗೆ ಚಿತ್ ಆಗುವವನು ಅಂತ
ಗರಡಿಯೊಳಗೆ ನನ್ನ ಹೆಸರೆತ್ತುತ್ತಿರಲಿಲ್ಲ.
ಹೋದ ಆಷಾಢದಲ್ಲಿ ಹೇಳಿಕಳಿಸಿದರು.
ಮಂಚದ ಮೇಲಿದ್ದರು. ಸೊಂಟಕ್ಕೆ ಪಟ್ಟಿ.
ಬಚ್ಚಲಲ್ಲಿ ಜಾರಿದ್ದಂತೆ, ಹಿಂದಕ್ಕೆ.
'ಅರವತ್ತು ಪಟ್ಟು ಗೊತ್ತು ಕಣ್ಲಾ ಮಾದು,
ಇದೊಂದ ಯಾರೂ ಹೇಳ್ಕೊಟ್ಟಿರ್ಲಿಲ್ಲ.'
ಆಮೇಲೆ ಬಹಳ ಹೊತ್ತು ಫ್ಯಾನು ನೋಡಿದರು.
'ಬೀಳೋದು ಹೆಂಗ್ಲಾ? ತೋರ್ಸು.'

ಚಾಪೆ ಹಾಸಿದೆ.
ಉಸಿರು ಬಿಟ್ಟೆ, ಗದ್ದ ಎದೆಗೆ.
ಮೊದಲ ಸಲ ನನ್ನ ಹೆಸರಲ್ಲೇ ಬಿದ್ದೆ.
ಅಂಗೈ ಸದ್ದಿಗೆ ಒಳಗಿಂದ ಸೊಸೆ ಓಡಿಬಂದಳು.
ಉಸ್ತಾದರು ಕೈ ಅಡ್ಡ ತೋರಿಸಿ ಅವಳನ್ನು ತಡೆದು,
ದಿಂಬಿನಿಂದ ಸ್ವಲ್ಪ ತಲೆ ಎತ್ತಿ

'ಇನ್ನೊಂದ್ಸಲ' ಅಂದರು.